630 ಕಿಲೋಹರ್ಟ್ಸ್: ಮನಿಲಾದ ಒಂದು ರೇಡಿಯೊ ಆನ್‌ಲೈನ್‌ಗೆ ಹೋಗಿ ವಾಪಸ್ ಬಂದದ್ದು

(ಮಾಧ್ಯಮ ವಿದ್ಯಾರ್ಥಿಗಳ ಮುಂದೆ ಆಡಿದ ಮಾತಿನ ಬರಹ ರೂಪ. ಮಾತಿನ ಧಾಟಿಯನ್ನು ಹಾಗೇ ಬಿಟ್ಟಿದ್ದೇನೆ. ಕೊನೆಯಲ್ಲಿ ಬಂದ ಪ್ರಶ್ನೆಗಳಲ್ಲಿ ಮೂರನ್ನು ಸೇರಿಸಿದ್ದೇನೆ.)

ಎಲ್ಲರಿಗೂ ನಮಸ್ಕಾರ. ರೇಡಿಯೊ ಆನ್‌ಲೈನ್ ಆದ ಕಥೆ ಅಂದ ಕೂಡಲೇ ನಮ್ಮ ತಲೆಯಲ್ಲಿ ಒಂದು ಚಿತ್ರ ರೆಡಿ ಇರುತ್ತದೆ. ಮೊದಲು ಕಪಾಟಿನಷ್ಟು ದೊಡ್ಡ ರೇಡಿಯೊ, ಆಮೇಲೆ ಟ್ರಾನ್ಸಿಸ್ಟರ್, ಆಮೇಲೆ ಎಫ್‌ಎಂ, ಈಗ ಮೊಬೈಲ್. ಹೊಸದು ಬಂತು, ಹಳೆಯದು ತಾನಾಗಿ ಮೂಲೆ ಸೇರಿತು. ನಾನು ಇವತ್ತು ಹೇಳುವ ಕಥೆ ಹಾಗಿಲ್ಲ. ಫಿಲಿಪ್ಪೀನ್ಸ್‌ನ ಈ ರೇಡಿಯೊ ತಾನಾಗಿ ಆನ್‌ಲೈನ್‌ಗೆ ಹೋಗಲಿಲ್ಲ, ಅದನ್ನು ಹೊರಗೆ ಹಾಕಿದರು. ಹೊರಗೆ ಹಾಕಿದ ಮೇಲೂ ಅದು ಸಾಯಲಿಲ್ಲ. ಮೂರು ವರ್ಷ ಆದ ಮೇಲೆ ಮತ್ತೆ ಅದೇ ಹಳೇ ಎಎಂ ತರಂಗಾಂತರಕ್ಕೆ (ನಾವು ಮೀಡಿಯಂ ವೇವ್ ಅಂತೀವಲ್ಲ, ಅದು) ವಾಪಸ್ ಬಂತು. ಅದರ ಹೆಸರು ಡಿಝಡ್‌ಎಂಎಂ. ಎಬಿಎಸ್-ಸಿಬಿಎನ್ ಅನ್ನುವ ದೊಡ್ಡ ಪ್ರಸಾರ ಸಂಸ್ಥೆಯ ಮನಿಲಾ ರೇಡಿಯೊ ಅದು.

ಮೊದಲು ಅಲ್ಲಿನ ರೇಡಿಯೊ ಹೇಗಿರುತ್ತೆ ಅಂತ ಸ್ವಲ್ಪ ಹೇಳಬೇಕು, ಯಾಕಂದ್ರೆ ನಮಗೆ ಇದು ಸುಲಭಕ್ಕೆ ಹೊಳೆಯೋದಿಲ್ಲ. ಭಾರತದಲ್ಲಿ ಖಾಸಗಿ ಎಫ್‌ಎಂನವರು ತಾವೇ ಸುದ್ದಿ ಮಾಡುವ ಹಾಗಿಲ್ಲ. ಹಾಕಿದರೆ ಆಕಾಶವಾಣಿಯ ಬುಲೆಟಿನ್ನನ್ನೇ ಹಾಕಬೇಕು. ಹಾಗಾಗಿ ನಮಗೆ ಖಾಸಗಿ ರೇಡಿಯೊ ಅಂದ್ರೆ ಹಾಡು, ಆರ್‌ಜೆಗಳ ತಮಾಷೆ, ಟ್ರಾಫಿಕ್ ಜಾಮ್ ಗೋಳು. ಫಿಲಿಪ್ಪೀನ್ಸ್‌ನಲ್ಲಿ ಹಾಡು ಎಫ್‌ಎಂನಲ್ಲಿ, ಸುದ್ದಿ ಎಎಂನಲ್ಲಿ. ಎಎಂ ಅಲ್ಲಿ ಬಹುಪಾಲು ಖಾಸಗಿಯವರದು, ಜಾಹೀರಾತಿನಿಂದ ನಡೆಯೋದು, ಬೆಳಗಿನಿಂದ ರಾತ್ರಿವರೆಗೆ ಬಾಯಿ ಮುಚ್ಚದ್ದು.

ಬೆಳಿಗ್ಗೆಯ ಒಂದು ಕಾರ್ಯಕ್ರಮ ಕೇಳಿದರೆ ಗೊತ್ತಾಗುತ್ತೆ. ಮೈಕಿನ ಮುಂದೆ ಇಬ್ಬರು ಕೂತಿರುತ್ತಾರೆ. ಪೇಪರ್ ಓದುತ್ತಾರೆ, ಓದುತ್ತಲೇ ಬೈಯುತ್ತಾರೆ, ನಡುವೆ ಗಂಟೆ ಎಷ್ಟಾಯಿತು ಅಂತ ಹೇಳುತ್ತಾರೆ, ಒಂದು ಇಲಾಖೆಯ ಮುಖ್ಯಸ್ಥನಿಗೆ ನೇರ ಫೋನ್ ಹಚ್ಚಿ ನಿನ್ನೆ ಆಸ್ಪತ್ರೆಯಲ್ಲಿ ಯಾಕೆ ಔಷಧಿ ಇರಲಿಲ್ಲ ಅಂತ ಪ್ರಸಾರದಲ್ಲೇ ಕೇಳುತ್ತಾರೆ. ಅಷ್ಟರಲ್ಲಿ ಬೀದಿಯಿಂದ ವರದಿಗಾರ ಬರುತ್ತಾನೆ. ಡಿಝಡ್‌ಎಂಎಂನಲ್ಲಿ ಇವರಿಗೆ ರಾಡ್ಯೊ ಪ್ಯಾಟ್ರೋಲ್ ಅಂತ ಹೆಸರು. ಪೊಲೀಸರ ಬ್ಯಾಡ್ಜಿನ ಹಾಗೆ ಪ್ರತಿ ವರದಿಗಾರನಿಗೂ ಒಂದು ನಂಬರ್ ಇರುತ್ತೆ, ವರದಿ ಮುಗಿಸುವಾಗ ಹೆಸರಿನ ಜೊತೆ ಅದನ್ನೂ ಹೇಳುತ್ತಾನೆ. ಕೇಳುಗರಿಗೆ ಆ ನಂಬರುಗಳೇ ಬಾಯಿಪಾಠ.

ಇವರ ಪ್ರಭಾವ ಎಷ್ಟು ಅಂತೀರಾ? ನೋಲಿ ಡಿ ಕ್ಯಾಸ್ಟ್ರೋ ಅನ್ನುವವರು ಇದೇ ಸಂಸ್ಥೆಯ ರೇಡಿಯೊ, ಟಿವಿಗಳಲ್ಲಿ ಸುದ್ದಿ ಹೇಳುತ್ತಿದ್ದವರು. 2001ರಲ್ಲಿ ಸೆನೆಟರ್ ಆದರು, 2004ರಲ್ಲಿ ದೇಶದ ಉಪಾಧ್ಯಕ್ಷರಾದರು. 2010ರಲ್ಲಿ ಅವಧಿ ಮುಗಿಯಿತು, ಸೀದಾ ಬಂದು ಮತ್ತೆ ಮೈಕಿನ ಮುಂದೆ ಕೂತರು. ನಮ್ಮಲ್ಲಿ ಉಪರಾಷ್ಟ್ರಪತಿ ಒಬ್ಬರು ನಿವೃತ್ತಿಯಾಗಿ ಬೆಳಗಿನ ಶೋ ನಡೆಸೋದನ್ನು ಸುಮ್ನೆ ಊಹಿಸಿಕೊಳ್ಳಿ.

ಇನ್ನೊಂದು ವಿಷಯ, ಇದು ಭೌತಶಾಸ್ತ್ರ. ಆ ದೇಶದಲ್ಲಿ 7,641 ದ್ವೀಪಗಳಿವೆ. ಎಫ್‌ಎಂ ಅಲೆ ಹೆಚ್ಚುಕಡಿಮೆ ಕಣ್ಣಿಗೆ ಕಾಣುವಷ್ಟು ದೂರ ಮಾತ್ರ ಹೋಗುತ್ತೆ, ಬೆಟ್ಟ ಅಡ್ಡ ಬಂದರೆ ಮುಗೀತು. ಎಎಂನ ಅಲೆ ನೆಲಕ್ಕೆ ಅಂಟಿಕೊಂಡು ಹೋಗುತ್ತೆ. ಉಪ್ಪು ನೀರಿನಲ್ಲಿ ವಿದ್ಯುತ್ ಚೆನ್ನಾಗಿ ಹರಿಯುವುದರಿಂದ ಸಮುದ್ರದ ಮೇಲೆ ಅದು ಇನ್ನೂ ದೂರ ಹೋಗುತ್ತೆ. ದ್ವೀಪಗಳ ದೇಶಕ್ಕೆ ಇದಕ್ಕಿಂತ ಒಳ್ಳೆ ವ್ಯವಸ್ಥೆ ಬೇಕಾ? ಡಿಝಡ್‌ಎಂಎಂನ ಟ್ರಾನ್ಸ್‌ಮಿಟರ್ ಕೂಡ ಮನಿಲಾದ ಉತ್ತರಕ್ಕೆ, ಬುಲಕಾನ್ ಪ್ರಾಂತ್ಯದ ಒಬಾಂಡೊದಲ್ಲಿ, ಮೀನಿನ ಹೊಂಡಗಳ ನಡುವಿನ ಒದ್ದೆ ನೆಲದಲ್ಲಿತ್ತು. ಎಎಂ ಟವರಿಗೆ ಒದ್ದೆ ನೆಲವೇ ಬೇಕು.

ಈಗ ಸ್ವಲ್ಪ ಹಳೇ ಕಥೆ, ಬೇಗ ಹೇಳಿ ಮುಗಿಸ್ತೀನಿ. 1946ರಲ್ಲಿ ಜೇಮ್ಸ್ ಲಿಂಡೆನ್‌ಬರ್ಗ್ ಅನ್ನುವ ಅಮೆರಿಕನ್ ಎಂಜಿನಿಯರ್ ಶುರು ಮಾಡಿದ ಕಂಪನಿ ಕೈ ಬದಲಾಯಿಸಿ, 1953ರಲ್ಲಿ ದೇಶದ ಮೊದಲ ಟಿವಿ ಪ್ರಸಾರ ಮಾಡಿತು. 1957ರಲ್ಲಿ ಅದನ್ನು ಲೋಪೆಜ್ ಕುಟುಂಬ ಕೊಂಡಿತು. ಮುಂದೆ ಅದೇ ಎಬಿಎಸ್-ಸಿಬಿಎನ್. 1972ರ ಸೆಪ್ಟೆಂಬರ್‌ನಲ್ಲಿ ಅಧ್ಯಕ್ಷ ಫರ್ಡಿನಾಂಡ್ ಮಾರ್ಕೋಸ್ ಸೈನಿಕ ಕಾನೂನು ಹೇರಿದಾಗ ಸಂಸ್ಥೆಗೆ ಬೀಗ ಬಿತ್ತು. ಒಡೆಯರ ಮಗ ಯುಜೆನಿಯೊ ಲೋಪೆಜ್ ಜೂನಿಯರ್ ಜೈಲಿಗೆ ಹೋದರು, 1977ರಲ್ಲಿ ಅಲ್ಲಿಂದ ತಪ್ಪಿಸಿಕೊಂಡರು. ಅದೇ ಒಂದು ದೊಡ್ಡ ಕಥೆ, ಇವತ್ತು ಬೇಡ.

ಆದರೆ 1986ರಲ್ಲಿ ನಿಲ್ಲಲೇಬೇಕು. ಆ ವರ್ಷ ಫೆಬ್ರವರಿಯಲ್ಲಿ ಮಾರ್ಕೋಸ್ ವಿರುದ್ಧ ಸೇನೆಯ ಒಂದು ಗುಂಪು ತಿರುಗಿಬಿತ್ತು. ಮನಿಲಾದ ಕಾರ್ಡಿನಲ್ ಸಿನ್ ಅವರು ಕ್ಯಾಥೊಲಿಕ್ ಚರ್ಚಿನ ರೇಡಿಯೊ ವೆರಿತಾಸ್ ಮೂಲಕ ಜನರಿಗೆ ಕರೆ ಕೊಟ್ಟರು: ಎಡ್ಸಾ ರಸ್ತೆಗೆ ಬನ್ನಿ, ಸೈನಿಕರಿಗೆ ಊಟ ತನ್ನಿ, ಅಡ್ಡ ನಿಲ್ಲಿ ಅಂತ. ಜನ ಬಂದರು. ಮರುದಿನವೇ ಮಾರ್ಕೋಸ್ ಕಡೆಯವರು ವೆರಿತಾಸ್‌ನ ಟ್ರಾನ್ಸ್‌ಮಿಟರ್ ಒಡೆದು ಹಾಕಿದರು. ಆಗ ಜೂನ್ ಕೀತ್ಲಿ ಅನ್ನುವ ಉದ್ಘೋಷಕಿ ಇನ್ನೊಂದು ಸ್ಟೇಷನ್ನಿಗೆ ಗುಟ್ಟಾಗಿ ಹೋಗಿ, ಅಲ್ಲಿಂದ ರಾತ್ರಿಯಿಡೀ ಮಾತಾಡಿದರು. ಆ ತಾತ್ಕಾಲಿಕ ಪ್ರಸಾರಕ್ಕೆ ಇಟ್ಟ ಹೆಸರು ರಾಡ್ಯೊ ಬಾಂಡಿಡೊ. ಟ್ಯಾಂಕ್ ಯಾವ ಕಡೆಯಿಂದ ಬರ್ತಾ ಇದೆ, ಯಾವ ಗೇಟಿನಲ್ಲಿ ಜನ ಕಡಿಮೆ ಇದ್ದಾರೆ, ಎಲ್ಲವನ್ನೂ ರೇಡಿಯೊದಲ್ಲೇ ಹೇಳುತ್ತಿದ್ದರು. ನಾಲ್ಕು ದಿನದಲ್ಲಿ ಮಾರ್ಕೋಸ್ ದೇಶ ಬಿಟ್ಟರು. ಇದನ್ನು ಯಾಕೆ ಹೇಳಿದೆ ಅಂದ್ರೆ, ಆ ದೇಶದ ಆಳುವವರಿಗೆ ಟ್ರಾನ್ಸ್‌ಮಿಟರ್ ಅಂದ್ರೆ ಏನು ಅಂತ ಚೆನ್ನಾಗಿ ಗೊತ್ತು. ಬರೀ ಕಬ್ಬಿಣದ ಕಂಬ ಅಲ್ಲ ಅದು.

ಅದೇ ವರ್ಷ ಜುಲೈ 22ಕ್ಕೆ, ವಾಪಸ್ ಬಂದ ಎಬಿಎಸ್-ಸಿಬಿಎನ್ 630 ಕಿಲೋಹರ್ಟ್ಸ್‌ನಲ್ಲಿ ಡಿಝಡ್‌ಎಂಎಂ ಶುರು ಮಾಡಿತು. ಮೊದಲು ಸುದ್ದಿ, ಮೊದಲು ಸಾರ್ವಜನಿಕ ಸೇವೆ ಅನ್ನುವ ಅರ್ಥದ ಘೋಷವಾಕ್ಯ. ಸೇವೆ ಅನ್ನೋದು ಬಾಯಿಮಾತಾಗಿರಲಿಲ್ಲ. ಪಿಂಚಣಿ ನಿಂತವರು, ಸೌದಿಯಲ್ಲಿ ಮಗಳು ಸಿಕ್ಕಿಹಾಕಿಕೊಂಡವರು, ಆಸ್ಪತ್ರೆ ಬಿಲ್ ಕಟ್ಟಲಾಗದವರು ರೇಡಿಯೊ ಸ್ಟೇಷನ್ನಿಗೇ ಬಂದು ಕೂರುತ್ತಿದ್ದರು.

ಈಗ ಆನ್‌ಲೈನ್ ವಿಷಯಕ್ಕೆ ಬರೋಣ. ನನ್ನ ಪ್ರಕಾರ ಈ ಕಥೆಯ ದೊಡ್ಡ ತಿರುವು ಇಂಟರ್ನೆಟ್ ಅಲ್ಲ, ಕ್ಯಾಮೆರಾ. 2007ರ ಏಪ್ರಿಲ್‌ನಲ್ಲಿ ಇವರು ರೇಡಿಯೊ ಸ್ಟುಡಿಯೊದೊಳಗೆ ಕ್ಯಾಮೆರಾ ಇಟ್ಟು ಅದನ್ನು ಒಂದು ಕೇಬಲ್ ಚಾನೆಲ್ ಮಾಡಿದರು. ಟೆಲಿರಾಡ್ಯೊ ಅಂತ ಹೆಸರು. ನೋಡೋಕೆ ಏನಿದೆ ಅದರಲ್ಲಿ? ಇಬ್ಬರು ಹೆಡ್‌ಫೋನ್ ಹಾಕಿಕೊಂಡು ಮೈಕಿಗೆ ಬಾಯಿ ಕೊಟ್ಟು ಮಾತಾಡುತ್ತಾರೆ, ಮೇಜಿನ ಮೇಲೆ ಪೇಪರ್ ರಾಶಿ, ಕೆಳಗೆ ಸುದ್ದಿಯ ಸಾಲು ಓಡ್ತಾ ಇರುತ್ತೆ. ಅಷ್ಟೇ. ಟಿವಿಯವರ ಲೆಕ್ಕದಲ್ಲಿ ಇದು ಬಡ ಕಾರ್ಯಕ್ರಮ. ಆದರೆ ಜನ ನೋಡಿದರು. ಇಪ್ಪತ್ತು ವರ್ಷ ಬರೀ ದನಿಯಾಗಿ ಗೊತ್ತಿದ್ದವರು ಹುಬ್ಬು ಗಂಟಿಕ್ಕುವುದನ್ನು, ಪಕ್ಕದವರ ಮಾತಿಗೆ ನಗು ತಡೆಯುವುದನ್ನು ನೋಡುವ ಮಜಾನೇ ಬೇರೆ, ಅಲ್ವಾ. (ಪಾಪ, ಉದ್ಘೋಷಕರು ಮಾತ್ರ ಅವತ್ತಿನಿಂದ ತಲೆ ಬಾಚಿಕೊಂಡೇ ಬರಬೇಕಾಯಿತು.) ನಾವು ಇವತ್ತು ಪಾಡ್‌ಕಾಸ್ಟ್ ಅಂತ ಯೂಟ್ಯೂಬಿನಲ್ಲಿ ನೋಡುವುದೂ ಇದನ್ನೇ. ಇವರು ಅದನ್ನು ಆಗಲೇ ಮಾಡಿ ಮುಗಿಸಿದ್ದರು.

ಇದರ ಇನ್ನೊಂದು ಲಾಭ ಹೊರದೇಶದಲ್ಲಿತ್ತು. ಮಂಗಳೂರು, ಭಟ್ಕಳ ಕಡೆಯಿಂದ ಗಲ್ಫಿಗೆ ಹೋದ ನಮ್ಮವರನ್ನು ಕೇಳಿ. ಆಸ್ಪತ್ರೆ, ಹೋಟೆಲ್, ಆಫೀಸು, ಎಲ್ಲ ಕಡೆ ಜೊತೆಗೆ ಕೆಲಸ ಮಾಡುವವರಲ್ಲಿ ಫಿಲಿಪ್ಪೀನ್ಸಿನವರು ಇದ್ದೇ ಇರುತ್ತಾರೆ. ಹೀಗೆ ಹೊರಗಿರುವವರಿಗಾಗಿ ಎಬಿಎಸ್-ಸಿಬಿಎನ್ 1994ರಿಂದಲೇ ಒಂದು ಅಂತರರಾಷ್ಟ್ರೀಯ ಚಾನೆಲ್ ನಡೆಸುತ್ತಿತ್ತು. ಮುಂದೆ ರೇಡಿಯೊ ಫೇಸ್‌ಬುಕ್ಕಿನಲ್ಲಿ, ಯೂಟ್ಯೂಬಿನಲ್ಲಿ ಲೈವ್ ಬರತೊಡಗಿದಾಗ ಕೆಳಗಿನ ಕಾಮೆಂಟುಗಳನ್ನು ನೋಡಬೇಕಿತ್ತು. ದುಬೈನಿಂದ ನೋಡ್ತಾ ಇದ್ದೇನೆ, ರಿಯಾದ್‌ನಿಂದ ನೋಡ್ತಾ ಇದ್ದೇನೆ, ಹಾಂಗ್‌ಕಾಂಗ್‌ನಿಂದ ನಮಸ್ಕಾರ, ಊರಲ್ಲಿರೋ ಅಮ್ಮನಿಗೆ ಹೇಳಿ. ಉದ್ಘೋಷಕರು ಅದನ್ನು ಓದುತ್ತಾರೆ. ಮೊದಲು ಕಾರ್ಡಿನಲ್ಲಿ ಬರುತ್ತಿದ್ದದ್ದು, ಆಮೇಲೆ ಎಸ್ಸೆಮ್ಮೆಸ್ಸಿನಲ್ಲಿ ಬರುತ್ತಿದ್ದದ್ದು, ಈಗ ಕಾಮೆಂಟಿನಲ್ಲಿ ಬಂತು. ಚಾಳಿ ಹಳೆಯದೇ.

ಅಂದರೆ 2020ರ ಹೊತ್ತಿಗೆ ಡಿಝಡ್‌ಎಂಎಂ ಅರ್ಧ ಆನ್‌ಲೈನ್ ಆಗಿಯೇ ಇತ್ತು. ಆಗ ಬಿತ್ತು ಏಟು.

ಇಲ್ಲಿ ಅಲ್ಲಿನ ಕಾನೂನು ಗೊತ್ತಿರಬೇಕು. ಅಮೆರಿಕನ್ನರ ಕಾಲದ 1931ರ ಒಂದು ಕಾಯ್ದೆಯ ಪ್ರಕಾರ ರೇಡಿಯೊ ನಡೆಸೋಕೆ ಸಂಸತ್ತೇ ಒಂದು ಕಾಯ್ದೆ ಮಾಡಿ ಫ್ರಾಂಚೈಸ್, ಅಂದರೆ ಪ್ರಸಾರದ ಹಕ್ಕು, ಕೊಡಬೇಕು. ಅಧಿಕಾರಿ ಲೈಸೆನ್ಸ್ ಕೊಟ್ಟರೆ ಸಾಲದು. ಎಬಿಎಸ್-ಸಿಬಿಎನ್‌ಗೆ 1995ರಲ್ಲಿ 25 ವರ್ಷಕ್ಕೆ ಸಿಕ್ಕಿದ್ದ ಫ್ರಾಂಚೈಸ್ 2020ರ ಮೇ 4ಕ್ಕೆ ಮುಗಿಯಿತು. ನವೀಕರಣದ ಮಸೂದೆಗಳು ವರ್ಷಗಟ್ಟಲೆ ಸಮಿತಿಯಲ್ಲೇ ಕೊಳೆಯುತ್ತಿದ್ದವು. ಅಧ್ಯಕ್ಷ ದುತೆರ್ತೆಗೆ ಈ ಸಂಸ್ಥೆಯ ಮೇಲೆ ಸಿಟ್ಟಿತ್ತು. 2016ರ ಚುನಾವಣೆಯಲ್ಲಿ ದುಡ್ಡು ತಗೊಂಡು ತನ್ನ ಜಾಹೀರಾತು ಹಾಕಲಿಲ್ಲ ಅಂತ ಬಹಿರಂಗವಾಗಿಯೇ ಹೇಳುತ್ತಿದ್ದರು, ಫ್ರಾಂಚೈಸ್ ತಡೆಯುತ್ತೇನೆ ಅಂತಲೂ ಹೇಳಿದ್ದರು. ಮೇ 5ರಂದು ದೂರಸಂಪರ್ಕ ಆಯೋಗ ಪ್ರಸಾರ ನಿಲ್ಲಿಸಿ ಅಂತ ಆದೇಶ ಕೊಟ್ಟಿತು. ಸಂಜೆ 7 ಗಂಟೆ 52 ನಿಮಿಷಕ್ಕೆ ಟಿವಿ ನಿಂತಿತು. ರೇಡಿಯೊಗಳೂ ಅದೇ ರಾತ್ರಿ ನಿಂತವು. ಕೋವಿಡ್ ಲಾಕ್‌ಡೌನ್ ನಡುವೆ, ಜನ ಮನೆಯಲ್ಲಿ ಕೂತು ಸುದ್ದಿಗಾಗಿ ಕಾಯುತ್ತಿದ್ದಾಗ. ಜುಲೈ 10ಕ್ಕೆ ಕೆಳಮನೆಯ ಸಮಿತಿ 70–11 ಮತದಲ್ಲಿ ಹೊಸ ಫ್ರಾಂಚೈಸ್ ಇಲ್ಲ ಅಂದುಬಿಟ್ಟಿತು. ಸಂಸ್ಥೆಯಲ್ಲಿ 11,000ಕ್ಕೂ ಹೆಚ್ಚು ಜನ ಕೆಲಸ ಮಾಡುತ್ತಿದ್ದರು. ಸಾವಿರಾರು ಜನ ಮನೆಗೆ ಹೋದರು.

ಆದರೆ ಕಾಯ್ದೆಯಲ್ಲಿ ಒಂದು ಸಂದಿ ಇತ್ತು. ಫ್ರಾಂಚೈಸ್ ಬೇಕಿರುವುದು ಗಾಳಿಯಲ್ಲಿ ಅಲೆ ಬಿಡೋಕೆ. ಇಂಟರ್ನೆಟ್ಟಿಗೆ ಬೇಕಿಲ್ಲ, ಕೇಬಲ್‌ನಲ್ಲಿ ಬರುವ ಚಾನೆಲ್‌ಗೆ ಬೇಕಿಲ್ಲ. ಮೇ 8ರಂದು, ಅಂದರೆ ಮೂರೇ ದಿನಕ್ಕೆ, ಟೆಲಿರಾಡ್ಯೊ ವಾಪಸ್ ಬಂತು. ಹೆಸರಿನಿಂದ ಡಿಝಡ್‌ಎಂಎಂ ಅನ್ನೋದನ್ನು ತೆಗೆದಿದ್ದರು. ಸ್ಟುಡಿಯೊ ಅದೇ, ಮೈಕ್ ಅದೇ, ಬಹಳಷ್ಟು ಮುಖಗಳೂ ಅವೇ. ಕ್ಯಾಮೆರಾ ಮಾತ್ರ ಈಗ ಒಬಾಂಡೊದ ಟವರಿನ ಕೆಲಸವನ್ನೂ ಮಾಡುತ್ತಿತ್ತು. 2007ರಲ್ಲಿ ಆ ಕ್ಯಾಮೆರಾ ಇಡದೇ ಇದ್ದಿದ್ದರೆ 2020ರಲ್ಲಿ ಮೂರು ದಿನದಲ್ಲಿ ಏಳೋಕೆ ಸಾಧ್ಯವೇ ಇರಲಿಲ್ಲ ಅಂತ ನನ್ನ ಅನಿಸಿಕೆ. ಹಾಡಿನ ಎಫ್‌ಎಂ ಸರಣಿ ಎಂಓಆರ್ ಕೂಡ ಫೇಸ್‌ಬುಕ್ ಲೈವ್‌ಗೆ ಹೋಯಿತು. ಅದರ ಡಿಜೆಗಳು ಹಾಡಿಗಿಂತ ಜಾಸ್ತಿ ಪ್ರೇಮದ ಗೋಳು ಕೇಳುವುದಕ್ಕೇ ಹೆಸರಾದವರು.

ಇಲ್ಲಿಗೆ ನಿಲ್ಲಿಸಿದರೆ ಇದು ಚಂದದ ಗೆಲುವಿನ ಕಥೆ. ಅಲ್ಲ ಅದು. ಯಾರು ಆನ್‌ಲೈನ್‌ಗೆ ಬರಲಿಲ್ಲ ಅಂತ ನೋಡೋಣ.

ಮೊದಲನೆಯದಾಗಿ ಊರುಗಳ ರೇಡಿಯೊ. ಸೆಬುವಿನಲ್ಲಿ 1512, ದವಾವೊದಲ್ಲಿ 1296, ಪಲವಾನ್‌ನಲ್ಲಿ 765 ಕಿಲೋಹರ್ಟ್ಸ್‌ನಲ್ಲಿ ಇದೇ ಸಂಸ್ಥೆಯ ಎಎಂ ಸ್ಟೇಷನ್‌ಗಳಿದ್ದವು. ಸೆಬು, ದವಾವೊಗಳಲ್ಲಿ ಮಾತು ಸೆಬುವಾನೊ ಭಾಷೆಯಲ್ಲಿ. ಅವು ಮುಚ್ಚಿದವು. ಆಗಸ್ಟ್ ಕೊನೆಗೆ ಪ್ರಾಂತೀಯ ಟಿವಿ ವಾರ್ತೆಗಳೂ ನಿಂತವು. ಉಳಿದದ್ದು ರಾಜಧಾನಿಯ ದನಿ. ಆನ್‌ಲೈನ್ ಅಂದ್ರೆ ಎಲ್ಲರಿಗೂ ಜಾಗ ಇದೆ ಅಂತೀವಲ್ಲ, ದುಡ್ಡು ಕಡಿಮೆ ಆದಾಗ ಮೊದಲು ಹೋಗೋದು ಊರ ಭಾಷೆ.

ಎರಡನೆಯದು ಡೇಟಾ. ಫಿಲಿಪ್ಪೀನ್ಸ್‌ನಲ್ಲಿ 2013ರ ಹೊತ್ತಿನಿಂದಲೇ ಮೊಬೈಲ್ ಕಂಪನಿಗಳು ಫೇಸ್‌ಬುಕ್ಕನ್ನು ಪುಕ್ಕಟೆ ಕೊಡುತ್ತಿದ್ದವು. ನಮ್ಮಲ್ಲಿ 2016ರಲ್ಲಿ ದೂರಸಂಪರ್ಕ ನಿಯಂತ್ರಣ ಪ್ರಾಧಿಕಾರ ಟ್ರಾಯ್ ಅಂಥ ವ್ಯವಸ್ಥೆಯನ್ನು ನಿಷೇಧಿಸಿತು, ನಿಮಗೆ ನೆನಪಿರಬಹುದು. ಅಲ್ಲಿ ಹಾಗೆ ಆಗಲಿಲ್ಲ. ಹಾಗಾಗಿ ಕರೆನ್ಸಿ ಖಾಲಿಯಾದರೂ ಫೇಸ್‌ಬುಕ್ ತೆರೆಯುತ್ತೆ. ಆದರೆ ಆ ಪುಕ್ಕಟೆ ಫೇಸ್‌ಬುಕ್ಕಿನಲ್ಲಿ ಬರೀ ಅಕ್ಷರ. ವಿಡಿಯೊ ಓಡೋದಿಲ್ಲ. ಅಂದರೆ ನಿನ್ನೆವರೆಗೆ ಎರಡು ಬ್ಯಾಟರಿ ಸೆಲ್ ಹಾಕಿ ತಿಂಗಳುಗಟ್ಟಲೆ ಕೇಳುತ್ತಿದ್ದ ಮನುಷ್ಯ, ಈಗ ಅದೇ ದನಿ ಕೇಳಬೇಕಾದರೆ ಮೂಲೆ ಅಂಗಡಿಗೆ ಹೋಗಿ ಕರೆನ್ಸಿ ಹಾಕಿಸಿಕೊಂಡು ಬರಬೇಕು. ಮೀನುಗಾರನ ದೋಣಿಯಲ್ಲಂತೂ ಆ ಪ್ರಶ್ನೆಯೇ ಇಲ್ಲ, ಅಲ್ಲಿ ಸಿಗ್ನಲ್ಲೇ ಇರಲ್ಲ.

ಮೂರನೆಯದು ಚಂಡಮಾರುತ. 2020ರ ನವೆಂಬರ್ ಒಂದರಂದು ರೋಲಿ ಬಂತು, ಎರಡು ವಾರದೊಳಗೆ ಯುಲಿಸಿಸ್ ಬಂದು ಕಗಯಾನ್ ಕಣಿವೆ ಮುಳುಗಿತು. ಹಿಂದೆ ಎಬಿಎಸ್-ಸಿಬಿಎನ್ ಮಾತ್ರ ತಲುಪುತ್ತಿದ್ದ ದೂರದ ಊರುಗಳಿಗೆ ಈ ಸಲ ಎಚ್ಚರಿಕೆ ಸರಿಯಾಗಿ ಮುಟ್ಟಲಿಲ್ಲ ಅಂತ ಆಗ ಜೋರು ಮಾತು ನಡೆಯಿತು. ಇಂಥ ಗಾಳಿ ಬಂದಾಗ ಮೊದಲು ಬೀಳೋದು ಕರೆಂಟು, ಹಿಂದೆಯೇ ಮೊಬೈಲ್ ಟವರು. 2013ರ ನವೆಂಬರ್‌ನಲ್ಲಿ ಹೈಯಾನ್ ಬಂದು ಟಕ್ಲೊಬಾನ್ ನೆಲಸಮ ಆದಾಗ, ಫಸ್ಟ್ ರೆಸ್ಪಾನ್ಸ್ ರೇಡಿಯೊ ಅನ್ನುವ ತಂಡ ಸೂಟ್‌ಕೇಸಿನಲ್ಲಿ ಹಿಡಿಸುವಂಥ ಟ್ರಾನ್ಸ್‌ಮಿಟರ್ ಹೊತ್ತು ಹೋಗಿ ಕೆಲವೇ ದಿನಗಳಲ್ಲಿ ರೇಡಿಯೊ ಶುರು ಮಾಡಿತ್ತು. ಅಕ್ಕಿ ಎಲ್ಲಿ ಹಂಚುತ್ತಾರೆ, ಯಾವ ನೀರು ಕುಡಿಯಬಾರದು, ಯಾರು ಯಾರನ್ನು ಹುಡುಕುತ್ತಿದ್ದಾರೆ, ಅದೇ ಕಾರ್ಯಕ್ರಮ. ಇವತ್ತಿಗೂ ಅಲ್ಲಿ ವಿಪತ್ತಿಗೆ ಸಿದ್ಧವಾಗಿ ಇಟ್ಟುಕೊಳ್ಳಿ ಅಂತ ಹೇಳುವ ಚೀಲದ ಪಟ್ಟಿಯಲ್ಲಿ ಬ್ಯಾಟರಿ ರೇಡಿಯೊ ಇರುತ್ತೆ.

ತಾವಾಗಿಯೇ ಆನ್‌ಲೈನ್‌ಗೆ ಹೋದವರೂ ಇದ್ದಾರೆ, ಇಲ್ಲ ಅಂತಲ್ಲ. ಕೆಜೋನ್ ಸಿಟಿಯ ರೇಡಿಯೊ ವೆರಿತಾಸ್ ಏಷ್ಯಾ ದಶಕಗಟ್ಟಲೆ ಶಾರ್ಟ್‌ವೇವ್‌ನಲ್ಲಿ ಏಷ್ಯಾದ ಹಲವು ಭಾಷೆಗಳಲ್ಲಿ ಪ್ರಸಾರ ಮಾಡಿತು. ತಮಿಳು, ತೆಲುಗು, ಹಿಂದಿ ಎಲ್ಲ ಇತ್ತು. ನಮ್ಮಲ್ಲಿ ಶಾರ್ಟ್‌ವೇವ್ ಹುಚ್ಚಿದ್ದ ಹಿರಿಯರಿಗೆ ಈ ಹೆಸರು ಗೊತ್ತಿರುತ್ತೆ. ಪ್ರಸಾರ ಹೇಗೆ ಕೇಳಿಸಿತು ಅಂತ ವರದಿ ಬರೆದು ಕಳಿಸಿ, ಕೇಳಿದ್ದು ಹೌದು ಅಂತ ಅವರಿಂದ ಬರುವ ಕ್ಯೂಎಸ್ಎಲ್ ಕಾರ್ಡಿಗೆ ಕಾಯುವ ಕಾಲ. 2018ರ ಜೂನ್ 30ಕ್ಕೆ ಅವರು ಶಾರ್ಟ್‌ವೇವ್ ಪೂರ್ತಿ ನಿಲ್ಲಿಸಿ ಇಂಟರ್ನೆಟ್ಟಿಗೆ ಹೋದರು. ಯಾರೂ ತಳ್ಳಲಿಲ್ಲ, ಅವರೇ ತೀರ್ಮಾನ ಮಾಡಿ, ಮೊದಲೇ ತಿಳಿಸಿ ಹೋದರು. ಇದನ್ನೂ ಡಿಝಡ್‌ಎಂಎಂ ಕಥೆಯನ್ನೂ ಒಂದೇ ತಕ್ಕಡಿಯಲ್ಲಿಟ್ಟು ಡಿಜಿಟಲ್ ಪರಿವರ್ತನೆ ಅಂತ ಕರೆದರೆ ನನಗೆ ಕಸಿವಿಸಿ ಆಗುತ್ತೆ.

ಇನ್ನೊಂದು ಮಾತು, ಹೇಳೋಕೆ ಕಷ್ಟ. 2023ರ ನವೆಂಬರ್ 5, ಭಾನುವಾರ ಬೆಳಗಿನ ಜಾವ. ಮಿಂಡನಾವೊ ದ್ವೀಪದ ಕಲಾಂಬಾ ಅನ್ನುವ ಸಣ್ಣ ಊರು. ಹುವಾನ್ ಹುಮಾಲೊನ್ ಅನ್ನುವ ರೇಡಿಯೊ ಉದ್ಘೋಷಕರು ತಮ್ಮ ಮನೆಯಲ್ಲೇ ಇದ್ದ ಸ್ಟುಡಿಯೊದಿಂದ ಕಾರ್ಯಕ್ರಮ ನಡೆಸುತ್ತಿದ್ದರು. ಎಫ್‌ಎಂನಲ್ಲೂ ಹೋಗುತ್ತಿತ್ತು, ಫೇಸ್‌ಬುಕ್ಕಿನಲ್ಲೂ ಲೈವ್ ಇತ್ತು. ಕೇಳುಗನ ಸೋಗಿನಲ್ಲಿ ಒಳಗೆ ಬಂದವನೊಬ್ಬ ಗುಂಡು ಹಾರಿಸಿ ಕೊಂದು, ಕುತ್ತಿಗೆಯ ಸರ ಕಿತ್ತುಕೊಂಡು ಹೋದ. ಕೇಳುಗರು ಅದನ್ನು ಲೈವ್ ನೋಡಿದರು. ಅದರ ಹಿಂದಿನ ವರ್ಷ ಅಕ್ಟೋಬರ್‌ನಲ್ಲಿ ಮನಿಲಾದಲ್ಲಿ ಪರ್ಸಿ ಲಪಿಡ್ ಅನ್ನುವ ಹೆಸರಿನಲ್ಲಿ ಮಾತಾಡುತ್ತಿದ್ದವರನ್ನು ಕೊಂದರು. ಅವರೂ ರೇಡಿಯೊ ಮತ್ತು ಯೂಟ್ಯೂಬ್ ಎರಡರಲ್ಲೂ ಇದ್ದವರು. ಅಲ್ಲಿ ಸತ್ತ ಪತ್ರಕರ್ತರಲ್ಲಿ ರೇಡಿಯೊದವರೇ ಜಾಸ್ತಿ, ಅದರಲ್ಲೂ ಊರುಗಳಲ್ಲಿ. ಕೇಳುಗ ಸೀದಾ ಒಳಗೆ ಬರಬಹುದಾದ ಸ್ಟೇಷನ್ ಅನ್ನೋದು ಅಲ್ಲಿನ ರೇಡಿಯೊದ ಚಂದ. ಅದೇ ಬಾಗಿಲಿನಿಂದ ಕೊಲೆಗಾರನೂ ಬಂದ.

ಮತ್ತೆ ಡಿಝಡ್‌ಎಂಎಂಗೆ. ಟೆಲಿರಾಡ್ಯೊಗೆ ಜನ ಬಂದರು, ದುಡ್ಡು ಬರಲಿಲ್ಲ. 2020ರಿಂದಲೂ ನಷ್ಟದಲ್ಲಿದೆ ಅಂತ ಸಂಸ್ಥೆಯೇ ಹೇಳಿ 2023ರ ಜೂನ್ ಕೊನೆಗೆ ಅದನ್ನು ಮುಚ್ಚಿತು. ಅದೇ ಹೊತ್ತಿಗೆ 630 ಕಿಲೋಹರ್ಟ್ಸ್‌ನಲ್ಲಿ ಹೊಸ ಸ್ಟೇಷನ್ ಒಂದು ಶುರುವಾಯಿತು. ಅದರಲ್ಲಿ ಎಬಿಎಸ್-ಸಿಬಿಎನ್ ಪಾಲುದಾರ. ಇನ್ನೊಂದು ಪಾಲು ಪ್ರೈಮ್ ಮೀಡಿಯಾ ಅನ್ನುವ ಕಂಪನಿಯದು, ಅದರ ಹಿಂದಿರುವುದು ರೊಮುವಾಲ್ಡೆಜ್ ಕುಟುಂಬ. ಆಗ ಕೆಳಮನೆಯ ಸ್ಪೀಕರ್ ಆಗಿದ್ದವರು ಅದೇ ಕುಟುಂಬದ ಮಾರ್ಟಿನ್ ರೊಮುವಾಲ್ಡೆಜ್, ಆಗಿನ ಅಧ್ಯಕ್ಷ ಮಾರ್ಕೋಸ್ ಜೂನಿಯರ್‌ಗೆ ಸೋದರ ಸಂಬಂಧಿ. 1972ರಲ್ಲಿ ಅಪ್ಪ ಮಾರ್ಕೋಸ್ ಬೀಗ ಹಾಕಿದ ಸಂಸ್ಥೆ ಇದು. ಕೆಳಮನೆಯಲ್ಲಿ 70–11ರಲ್ಲಿ ಸೋತ ಸಂಸ್ಥೆಯೂ ಇದೇ. ನಾನು ಇದಕ್ಕೆ ಟೀಕೆ ಟಿಪ್ಪಣಿ ಏನೂ ಸೇರಿಸಲ್ಲ. 2025ರಲ್ಲಿ ಸ್ಟೇಷನ್ನಿಗೆ ಹಳೇ ಡಿಝಡ್‌ಎಂಎಂ ಹೆಸರನ್ನೇ ಮತ್ತೆ ಇಟ್ಟರು.

ಇನ್ನು ಪ್ರಶ್ನೆಗಳು.

ಮೊದಲ ಪ್ರಶ್ನೆ: ಮೊಬೈಲಿನಲ್ಲಿ ಎಎಂ ಬರೋದೇ ಇಲ್ಲ, ಹಾಗಿದ್ದ ಮೇಲೆ ಯಾಕೆ ವಾಪಸ್ ಹೋದರು? ನಿಜ, ಫೋನಿನಲ್ಲಿ ಎಎಂ ಇರಲ್ಲ, ಎಲ್‌ಇಡಿ ದೀಪ, ಚಾರ್ಜರ್‌ಗಳ ಗೊರಗೊರ ಬೇರೆ. ಆದರೂ ಒಂದು ಟ್ರಾನ್ಸ್‌ಮಿಟರ್ ಹತ್ತು ಜನಕ್ಕೆ ಕೇಳಿಸೋಕೂ, ಹತ್ತು ಲಕ್ಷ ಜನಕ್ಕೆ ಕೇಳಿಸೋಕೂ ಖರ್ಚು ಒಂದೇ. ಜಾಹೀರಾತು ಕೊಡುವವನಿಗೆ ಇನ್ನೂ ಅದರ ಮೇಲೆ ನಂಬಿಕೆ ಇದೆ. ಮತ್ತೆ ಆನ್‌ಲೈನ್ ಬಿಟ್ಟೇನೂ ಹೋಗಿಲ್ಲ, ಎರಡನ್ನೂ ಇಟ್ಟುಕೊಂಡಿದ್ದಾರೆ.

ಎರಡನೆಯದು: ನಮ್ಮಲ್ಲಿ ಇಂಥದ್ದು ಬರಬಹುದಾ? ಖಾಸಗಿ ಎಫ್‌ಎಂಗೆ ಗಂಟೆಗೆ 10 ನಿಮಿಷ ಸುದ್ದಿ ಹೇಳೋಕೆ ಬಿಡಬಹುದು ಅಂತ 2023ರಲ್ಲಿ ಟ್ರಾಯ್ ಶಿಫಾರಸು ಮಾಡಿತ್ತು. ಬಿಟ್ಟರೆ ನೋಡೋಣ. ಕನ್ನಡದಲ್ಲಿ ಬೆಳಿಗ್ಗೆ ಏಳು ಗಂಟೆಗೆ ಒಬ್ಬ ಅಧಿಕಾರಿಗೆ ನೇರ ಫೋನ್ ಹಚ್ಚಿ, ನಮ್ಮ ಬೀದಿಗೆ ಯಾಕೆ ನೀರು ಬಂದಿಲ್ಲ ಸಾರ್ ಅಂತ ಕೇಳುವ ರೇಡಿಯೊ ಬಂದರೆ ನಾನಂತೂ ಮೊದಲ ಕೇಳುಗ.

ಮೂರನೆಯದು, ಹಿಂದಿನ ಸಾಲಿನ ಹುಡುಗಿಯೊಬ್ಬಳದು: ಇದನ್ನು ಈಗ ಕೇಳೋದು ಹೇಗೆ? ಯೂಟ್ಯೂಬಿನಲ್ಲಿ ಡಿಝಡ್‌ಎಂಎಂ ಟೆಲಿರಾಡ್ಯೊ ಅಂತ ಹುಡುಕು ತಾಯಿ, ಸಿಗುತ್ತೆ. ಭಾಷೆ ಬರದಿದ್ದರೂ ನಡುನಡುವೆ ಇಂಗ್ಲಿಷ್ ಇರುತ್ತೆ, ಯಾರನ್ನು ಬೈತಾ ಇದ್ದಾರೆ ಅಂತ ಗೊತ್ತಾಗುತ್ತೆ. ಮನಿಲಾ ನಮಗಿಂತ ಎರಡೂವರೆ ಗಂಟೆ ಮುಂದೆ. ಬೆಳಗಿನ ಆರೂವರೆಯ ಆ ಗಲಾಟೆ ಲೈವ್ ಕೇಳಬೇಕಂದ್ರೆ ನಸುಕಿನ ನಾಲ್ಕಕ್ಕೆ ಅಲಾರಂ ಇಟ್ಟುಕೊಳ್ಳಬೇಕು.